ಉಂಡ ಜೋಳದ ಋಣ

ವೀರನೆಂದರೆ ಯಾರು ಎಂದು ಕೇಳಿದರೆ ಗೆದ್ದವನು ಎಂದು ಹೇಳಿಬಿಡುವುದು ಸುಲಭ. ಅರಸರ ಚರಿತ್ರೆ ಬಹುಮಟ್ಟಿಗೆ ಹಾಗೆಯೇ ಹೇಳುತ್ತದೆ. ದಂಡೆತ್ತಿ ಹೋದವರು, ಕೋಟೆ ಹಿಡಿದವರು, ಕಪ್ಪ ತಂದವರು, ಇವರ ಹೆಸರುಗಳಿಂದ ಅದರ ಪುಟಗಳು ತುಂಬಿವೆ. ಆದರೆ ಕನ್ನಡನಾಡಿನ ನೆನಪು ಬೇರೊಂದು ಲೆಕ್ಕವನ್ನು ಬರೆದಿಟ್ಟುಕೊಂಡು ಬಂದಿದೆ. ಊರ ಮುಂದಿನ ವೀರಗಲ್ಲು, ಆಸ್ಥಾನದಲ್ಲಿ ಹುಟ್ಟಿದ ಮಹಾಕಾವ್ಯ, ಜಾತ್ರೆಯಲ್ಲಿ ಹಾಡುವ ಲಾವಣಿ, ಇವು ಮೂರೂ ಬೇರೆ ಬೇರೆ ಕೈಗಳ ಕೆಲಸ. ಬೇರೆ ಬೇರೆ ಕಾಲದವು, ಬೇರೆ ಬೇರೆ ಜನಕ್ಕಾಗಿ ಆದವು. ಇವನ್ನು ಒಂದರ ಪಕ್ಕದಲ್ಲಿ ಒಂದನ್ನಿಟ್ಟು ನೋಡಿದರೆ ಮಾತ್ರ ಒಂದು ವಿಶೇಷ ಹೊಳೆಯುತ್ತದೆ. ಮೂರರಲ್ಲಿಯೂ ಜನರ ಪ್ರೀತಿ ಸಂದಿರುವುದು ಗೆದ್ದವನಿಗಲ್ಲ, ಬಿದ್ದವನಿಗೆ. ಬಿದ್ದವರೆಲ್ಲರಿಗೂ ಅಲ್ಲ, ತಾನು ತೀರಿಸಬೇಕಾದುದನ್ನು ತೀರಿಸಿ ಬಿದ್ದವನಿಗೆ.

ನಮ್ಮ ಮಾತುಗಳೇ ಇದಕ್ಕೆ ಮೊದಲ ಸಾಕ್ಷಿ. ‘ಆಳು’ ಎಂಬ ಮಾತನ್ನು ನೋಡಿ. ಇಂದು ಆಳೆಂದರೆ ಕೂಲಿಯವನು, ಚಾಕರಿಯವನು. ಹಳಗನ್ನಡದಲ್ಲಿ ಆಳೆಂದರೆ ಸೇವಕನೂ ಹೌದು, ಯೋಧನೂ ಹೌದು. ‘ಆಳ್ತನ’ ಎಂದರೆ ಪರಾಕ್ರಮ. ‘ಬಂಟ’ ಎಂಬ ಮಾತಿನ ಕತೆಯೂ ಇದೇ. ಹನುಮ ರಾಮನ ಬಂಟ ಎನ್ನುವಾಗ ಸೇವಕ ಎಂಬ ಅರ್ಥವೂ ಶೂರ ಎಂಬ ಅರ್ಥವೂ ಒಟ್ಟಿಗೇ ಬರುತ್ತವೆ. ಎರಡನ್ನೂ ಬೇರ್ಪಡಿಸಲು ಹೋದರೆ ಮಾತೇ ಕೆಡುತ್ತದೆ. ಸೇವೆಯೂ ಶೌರ್ಯವೂ ಒಂದೇ ಶಬ್ದದಲ್ಲಿ ಮನೆ ಮಾಡಿಕೊಂಡಿರುವ ಭಾಷೆ ನಮ್ಮದು. ಈ ಎರಡನ್ನೂ ಕಟ್ಟಿರುವ ಹಗ್ಗಕ್ಕೆ ಹಳಬರು ‘ಜೋಳವಾಳಿ’ ಎಂದು ಹೆಸರಿಟ್ಟರು. ಒಡೆಯನ ಮನೆಯ ಜೋಳ ಉಂಡವನು ಒಡೆಯನಿಗೆ ಕಷ್ಟ ಬಂದಾಗ ಪ್ರಾಣ ಕೊಟ್ಟಾದರೂ ಆ ಋಣವನ್ನು ಹರಿದುಕೊಳ್ಳಬೇಕೆಂಬ ಕಟ್ಟಳೆ ಅದು. ಒಡೆಯನ ಹೊತ್ತಿಗೆ ತಲೆಕೊಡುವೆನೆಂಬ ಭಾಷೆಗೆ ‘ವೇಳೆವಾಳಿ’ ಎಂದರು. ಮಹಾರಾಜನ ಖಜಾನೆಯಲ್ಲ, ಹೊನ್ನಲ್ಲ, ಜೋಳ! ಹೊಟ್ಟೆಗೆ ಬಿದ್ದ ಕಾಳೇ ಧರ್ಮದ ಅಳತೆಗೋಲಾಯಿತು. ಈ ಒಂದು ಮಾತನ್ನು ಕೈಯಲ್ಲಿ ಹಿಡಿದುಕೊಂಡು ಹೊರಟರೆ ಕಲ್ಲು, ಕಾವ್ಯ, ಹಾಡು ಮೂರೂ ನಮಗೆ ಬಾಗಿಲು ತೆರೆಯುತ್ತವೆ.

ಮೊದಲು ಕಲ್ಲಿನ ಮಾತು. ಕರ್ನಾಟಕದಲ್ಲಿ ವೀರಗಲ್ಲುಗಳು ಸಾವಿರಾರು. ಕೆರೆಯ ಏರಿಯ ಮೇಲೆ, ಹಾಳುಗುಡಿಯ ಅಂಗಳದಲ್ಲಿ, ಹೊಲದ ಬದುವಿನಲ್ಲಿ ಅವು ನಿಂತಿವೆ, ಕೆಲವು ಮಲಗಿವೆ. ಸಾಮಾನ್ಯವಾದೊಂದು ವೀರಗಲ್ಲಿನಲ್ಲಿ ಮೂರು ಪಟ್ಟಿಕೆಗಳಿರುತ್ತವೆ. ಕೆಳಗಿನದರಲ್ಲಿ ಕಾಳಗ: ವೀರನು ಬಿಲ್ಲನ್ನೋ ಕತ್ತಿಯನ್ನೋ ಹಿಡಿದು ನಿಂತಿದ್ದಾನೆ, ಒಮ್ಮೊಮ್ಮೆ ಹಿಂದುಗಡೆ ದನಗಳ ಸಾಲು. ನಡುವಿನದರಲ್ಲಿ ದೇವಕನ್ಯೆಯರು ಅವನನ್ನು ಎರಡೂ ಕಡೆ ಹಿಡಿದು ಮೇಲಕ್ಕೆ ಒಯ್ಯುತ್ತಿದ್ದಾರೆ. ಮೇಲಿನದರಲ್ಲಿ ಅವನು ಲಿಂಗದ ಮುಂದೆ, ಜೈನನಾದರೆ ಜಿನನ ಮುಂದೆ, ಕೈಮುಗಿದು ಕುಳಿತಿದ್ದಾನೆ. ನೆತ್ತಿಯ ಮೇಲೆ ಸೂರ್ಯ, ಚಂದ್ರ. ಅವರಿರುವ ತನಕ ಈ ಕೀರ್ತಿ ಇರಲಿ ಎಂಬ ಹಾರೈಕೆ.

ಈ ಕಲ್ಲುಗಳಲ್ಲಿ ಸತ್ತವರು ಯಾರು, ಏತಕ್ಕಾಗಿ? ‘ತುರುಗೊಳ್’ ಎಂದು ಹಲವು ಶಾಸನಗಳು ಹೇಳುತ್ತವೆ. ಅಂದರೆ ಶತ್ರುಗಳು ಊರ ದನಗಳನ್ನು ಹೊಡೆದುಕೊಂಡು ಹೋಗುವಾಗ ಅಡ್ಡ ನಿಂತು ಮಡಿದವರು. ‘ಪೆಣ್ಬುಯ್ಯಲ್’ ಎಂದು ಕೆಲವು. ಹೆಣ್ಣುಮಕ್ಕಳ ಮೇಲೆ ಕೈಮಾಡಿದಾಗ ಎದ್ದ ಮೊರೆಗೆ ಓಗೊಟ್ಟು ಓಡಿಬಂದವರು. ‘ಊರಳಿವು’ ಎಂದು ಇನ್ನು ಕೆಲವು. ಊರೇ ಹಾಳಾಗುವಾಗ ಕಾದು ಸತ್ತವರು. ಇವರಲ್ಲಿ ಅರಸರು ವಿರಳ. ಊರ ಗೌಡನೋ ಅವನ ಮಗನೋ, ಒಬ್ಬ ಕಾವಲುಗಾರನೋ, ಒಬ್ಬ ಬೇಡನೋ ಹೆಚ್ಚು. ದೊಡ್ಡ ರಾಜ್ಯಗಳ ಏಳುಬೀಳಿಗೂ ಇವರ ಸಾವಿಗೂ ಹಲವು ವೇಳೆ ಸಂಬಂಧವೇ ಇಲ್ಲ. ಇಪ್ಪತ್ತು ಹಸುಗಳಿಗಾಗಿ ಒಬ್ಬ ಮನುಷ್ಯ ಸಾಯುತ್ತಾನೆ. ಊರು ಅವನನ್ನು ಸ್ವರ್ಗಕ್ಕೆ ಏರಿಸಿ ಕಲ್ಲಿನಲ್ಲಿ ನಿಲ್ಲಿಸುತ್ತದೆ.

ಈ ಕಲ್ಲುಗಳಿಲ್ಲದಿದ್ದರೆ ನಮ್ಮ ಚರಿತ್ರೆ ಎಷ್ಟು ಬಡವಾಗುತ್ತಿತ್ತೆಂಬುದಕ್ಕೆ ಒಂದೆರಡು ನಿದರ್ಶನ ಸಾಕು. ಕನ್ನಡದ ಮೊದಲ ಶಾಸನವೆಂದು ಬಹುಕಾಲದಿಂದ ಹೆಸರಾದ ಹಲ್ಮಿಡಿಯ ಶಾಸನ ಸುಮಾರು 450ರದು; ಅದು ಬೆಳಕಿಗೆ ಬಂದುದು 1936ರಲ್ಲಿ. ಅದರ ಹುರುಳೇನು? ಕಾಳಗದಲ್ಲಿ ಪರಾಕ್ರಮ ಮೆರೆದ ವಿಜ ಅರಸನೆಂಬವನಿಗೆ ಹಲ್ಮಿಡಿಯನ್ನೂ ಮೂಳಿವಳ್ಳಿಯನ್ನೂ ‘ಬಾಳ್ಗಳ್ಚು’ ಆಗಿ ಕೊಟ್ಟರೆಂಬುದು. ಬಾಳ್ಗಳ್ಚು ಎಂದರೆ ಕತ್ತಿ ತೊಳೆಯುವುದು. ವೀರನ ಕತ್ತಿಯನ್ನು ತೊಳೆದು ಮಾಡಿದ ಭೂದಾನ. ಇನ್ನು ಬೆಂಗಳೂರು. ಆ ಹೆಸರು ನಮಗೆ ತಿಳಿದಂತೆ ಮೊಟ್ಟಮೊದಲು ಕಾಣುವುದು ಬೇಗೂರಿನ ಒಂದು ಕಲ್ಲಿನಲ್ಲಿ, ಸುಮಾರು 890ರಲ್ಲಿ. ಅಲ್ಲಿ ಹೇಳಿರುವುದು ಊರಿನ ಸಿರಿಯನ್ನಲ್ಲ. ಬೆಂಗಳೂರ ಕಾಳಗದಲ್ಲಿ ಒಬ್ಬನು ಮಡಿದ ಸುದ್ದಿಯನ್ನು. ಈಗ ಕೋಟಿಗೆ ಮೀರಿದ ಜನ ಬಾಳುತ್ತಿರುವ ನಗರದ ಹೆಸರನ್ನು ಹನ್ನೊಂದು ಶತಮಾನಗಳ ಆಚೆಯಿಂದ ನಮಗೆ ತಂದು ಮುಟ್ಟಿಸಿದವನು ಒಬ್ಬ ಸತ್ತ ಬಂಟ.

ಬಾಳ್ಗಳ್ಚು ಎಂಬ ಮಾತು ಸುಮ್ಮನೆ ಬಂದುದಲ್ಲ. ಋಣಕ್ಕೆ ಎರಡು ದಡಗಳುಂಟು. ಆಳು ಜೀವ ಕೊಟ್ಟರೆ ಒಡೆಯನೂ ಊರೂ ಸುಮ್ಮನಿರುವಂತಿಲ್ಲ. ಸತ್ತವನ ಮನೆಯವರಿಗೆ ಹೊಲ ಬಿಡಬೇಕು. ಅದಕ್ಕೆ ‘ಕಲ್ನಾಡು’ ಎಂದೂ, ಈಚಿನ ಕಾಲದಲ್ಲಿ ‘ನೆತ್ತರುಕೊಡಗೆ’ ಎಂದೂ ಹೆಸರುಗಳು ಬಂದವು. ನೆತ್ತರಿಗೆ ಬದಲು ನೆಲ. ವೀರಗಲ್ಲು ಹೊಗಳಿಕೆ ಮಾತ್ರವಲ್ಲ, ಅದೊಂದು ರಸೀದಿ. ಒಡೆಯನ ಕಡೆಯ ಬಾಕಿ ಸಂದಿದೆಯೆಂದು ಊರೆಲ್ಲ ಓದುವಂತೆ ಕೊರೆಸಿದ ಪತ್ರ.

ಈ ಎರಡು ದಡಗಳೂ ಅತ್ಯಂತ ಚೆಲುವಾಗಿ ಕಾಣುವುದು ಮಂಡ್ಯ ಜಿಲ್ಲೆಯ ಆತಕೂರಿನ ಶಾಸನದಲ್ಲಿ. 949ರಲ್ಲಿ ತಕ್ಕೋಲದ ಕಾಳಗ ನಡೆಯಿತು. ರಾಷ್ಟ್ರಕೂಟ ಮೂರನೆಯ ಕೃಷ್ಣನ ಪರವಾಗಿ ಗಂಗರ ಬೂತುಗನು ಕಾದಿದನು. ಚೋಳ ರಾಜಾದಿತ್ಯನು ಅಲ್ಲಿ ಮಡಿದನು. ದಕ್ಷಿಣ ದೇಶದ ಹಣೆಬರಹವನ್ನೇ ತಿರುಗಿಸಿದ ಯುದ್ಧವದು. ಬೂತುಗನ ಬಂಟ ಮಣಲೆರನು ಅಲ್ಲಿ ಮೆರೆದ ಸಾಹಸವನ್ನು ಮೆಚ್ಚಿ ಒಡೆಯನು ‘ಬೇಕಾದುದನ್ನು ಬೇಡು’ ಎಂದಾಗ ಮಣಲೆರನು ಊರು ಬೇಡಲಿಲ್ಲ, ಹೊನ್ನು ಬೇಡಲಿಲ್ಲ. ‘ಕಾಳಿ’ ಎಂಬ ಬೇಟೆನಾಯಿಯನ್ನು ಬೇಡಿದನು. ಆ ನಾಯಿ ಮುಂದೆ ಒಂದು ದೊಡ್ಡ ಹಂದಿಯ ಮೇಲೆ ಬಿತ್ತು. ಹಂದಿಯೂ ನಾಯಿಯೂ ಒಟ್ಟಿಗೆ ಸತ್ತವು. ಮಣಲೆರನು ನಾಯಿಗೊಂದು ಕಲ್ಲು ನಿಲ್ಲಿಸಿ, ಭೂಮಿ ಬಿಟ್ಟು, ಅರ್ಚಕನು ಆ ಕಲ್ಲನ್ನು ಪೂಜಿಸದೆ ಉಣ್ಣಕೂಡದೆಂದು ಕಟ್ಟು ಮಾಡಿದನು. ರಾಜಾದಿತ್ಯನ ಸಾವಿನ ಸುದ್ದಿಯನ್ನೂ ನಾಯಿಯ ಸಾವಿನ ಸುದ್ದಿಯನ್ನೂ ಆ ಒಂದೇ ಕಲ್ಲು ಹೊತ್ತಿದೆ. ಆದರೆ ಅದರ ಮೇಲೆ ಶಿಲ್ಪಿ ಕಂಡರಿಸಿದ್ದು ಯಾವ ಅರಸನ ಚಿತ್ರವನ್ನೂ ಅಲ್ಲ, ಹಂದಿಯೊಡನೆ ಹೋರುತ್ತಿರುವ ನಾಯಿಯನ್ನು. ಅನ್ನ ಉಂಡು ಪ್ರಾಣ ಕೊಟ್ಟದ್ದು ನಾಯಿಯಾದರೂ ವೀರನೇ. ಮಣಲೆರನಿಗೆ ಇದು ವಿಚಿತ್ರವಾಗಿ ಕಂಡಿರಲಾರದು. ಬೂತುಗನಿಗೆ ತಾನು ಏನಾಗಿದ್ದನೋ ತನಗೆ ಕಾಳಿಯು ಅದೇ ಆಗಿತ್ತು.

ಇದೇ ಕಟ್ಟಳೆ ಅತಿಗೆ ಹೋದುದೂ ಉಂಟು. ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ಅಂಗಳದಲ್ಲಿ ಒಂದು ಕಂಬವಿದೆ. ಇಮ್ಮಡಿ ಬಲ್ಲಾಳನು ಮಗನಂತೆ ಸಾಕಿದ ಕುವರ ಲಕ್ಷ್ಮನು, ಸುಮಾರು 1220ರಲ್ಲಿ ಒಡೆಯನು ತೀರಿಕೊಂಡಾಗ, ತನ್ನ ಪತ್ನಿ ಸುಗ್ಗಲದೇವಿಯೊಡನೆ, ಸಂಗಡಿಗರಾದ ವೀರರೊಡನೆ ಪ್ರಾಣಬಿಟ್ಟನು. ‘ಗರುಡ’ರೆಂಬುದು ಇಂಥವರ ಬಿರುದು. ಕಂಬದ ಮೇಲಿನ ಶಿಲ್ಪಗಳಲ್ಲಿ ಯೋಧರು ತಮ್ಮ ತಲೆಗಳನ್ನು ತಾವೇ ಕೊಯ್ದುಕೊಳ್ಳುತ್ತಿದ್ದಾರೆ. ಅಲ್ಲಿ ಶತ್ರುವಿಲ್ಲ, ಕಾಯಬೇಕಾದ ದನಗಳಿಲ್ಲ, ಮೊರೆಯಿಟ್ಟ ಹೆಣ್ಣಿಲ್ಲ. ನೋಡುವವನ ಎದೆ ಒಮ್ಮೆಗೆ ಝಲ್ಲೆನ್ನುತ್ತದೆ. ಋಣವೆಂಬ ಧರ್ಮ ಊರಿನ ಬಾಳಿನಿಂದ ಕಿತ್ತು ಅರಮನೆಯ ಒಳಗೇ ಬೆಳೆದಾಗ ಎಂಥ ಹೂ ಬಿಡುತ್ತದೆಂಬುದಕ್ಕೆ ಆ ಕಂಬ ಸಾಕ್ಷಿಯಾಗಿದೆ. ಅದನ್ನು ಕಂಡು ಬೆರಗಾಗುವುದು ಸಹಜ. ಹೊಗಳಬೇಕೇ ಎಂಬುದು ಬೇರೆ ಮಾತು.

ಇನ್ನು ಕಾವ್ಯಕ್ಕೆ ಬರೋಣ. 941ರಲ್ಲಿ ಪಂಪನು ವಿಕ್ರಮಾರ್ಜುನ ವಿಜಯವನ್ನು ಬರೆದನು. ಗ್ರಂಥದ ಹೆಸರೇ ಹೇಳುವಂತೆ ಅದರ ನಾಯಕ ಅರ್ಜುನ. ಅರ್ಜುನನೆಂದರೆ ಬೇರೆ ಯಾರೂ ಅಲ್ಲ, ವೇಮುಲವಾಡದ ಚಾಲುಕ್ಯ ಅರಿಕೇಸರಿ. ಅರಸನ ಬಿರುದುಗಳನ್ನೆಲ್ಲ ಪಂಪನು ಅರ್ಜುನನಿಗೆ ತೊಡಿಸಿದನು. ದ್ರೌಪದಿಯನ್ನು ಅರ್ಜುನನೊಬ್ಬನ ಹೆಂಡತಿಯನ್ನಾಗಿ ಮಾಡಿದನು. ಕೊನೆಯಲ್ಲಿ ಧರ್ಮರಾಯನನ್ನು ಬದಿಗಿಟ್ಟು ಅರ್ಜುನನಿಗೂ ಸುಭದ್ರೆಗೂ ಪಟ್ಟ ಕಟ್ಟಿದನು. ವ್ಯಾಸರ ಕತೆಯನ್ನು ಇಷ್ಟು ತಿರುಗಿಸಿದ್ದು ಒಡೆಯನ ಗೌರವಕ್ಕಾಗಿ. ಅರಿಕೇಸರಿಯೂ ಕೈ ಹಿಡಿತ ಮಾಡಲಿಲ್ಲ. ಧರ್ಮಪುರವೆಂಬ ಅಗ್ರಹಾರವನ್ನು ಕವಿಗೆ ಕೊಟ್ಟನು. ಹೀಗೆ ಕವಿಯೂ ಜೋಳ ಉಂಡವನೇ, ಕಾವ್ಯ ಬರೆದು ಋಣ ತೀರಿಸಿದವನೇ. ಲೆಕ್ಕ ಸರಿಹೋಯಿತು.

ಆದರೆ ಹೃದಯ ಲೆಕ್ಕಕ್ಕೆ ಸಿಕ್ಕುವುದಿಲ್ಲ. ಪಂಪಭಾರತವನ್ನು ಓದಿ ಮುಗಿಸಿದವನ ಕಣ್ಣ ಮುಂದೆ ಕೊನೆಗೆ ನಿಲ್ಲುವವನು ಅರ್ಜುನನೇ? ಹತ್ತು ಜನರನ್ನು ಕೇಳಿದರೆ ಹತ್ತು ಜನರೂ ಕರ್ಣನ ಹೆಸರನ್ನು ಹೇಳುವರು. ಇದು ಓದುಗರ ಚಪಲವಲ್ಲ. ಕರ್ಣನು ಬಿದ್ದಾಗ ಕವಿಯೇ ಕತೆಯನ್ನು ನಿಲ್ಲಿಸಿ, ಭಾರತದಲ್ಲಿ ಒಬ್ಬನನ್ನು ನೆನೆಯುವುದಾದರೆ ಇವನನ್ನೇ ನೆನೆಯಬೇಕೆಂದು ನಮಗೆ ನೇರವಾಗಿ ಹೇಳುತ್ತಾನೆ. ಗೆದ್ದ ಅರ್ಜುನನ ಕಾವ್ಯದಲ್ಲಿ ಸೋತ ಕರ್ಣನನ್ನು ನೆನೆಯಿರೆಂಬ ಅಪ್ಪಣೆ!

ಇದಕ್ಕೆ ಕಾರಣವೇನು? ಕೃಷ್ಣನು ಕರ್ಣನಿಗೆ ಹುಟ್ಟಿನ ಗುಟ್ಟನ್ನು ತಿಳಿಸಿ, ಪಾಂಡವರ ಕಡೆಗೆ ಬಾ, ಪಟ್ಟ ನಿನ್ನದೇ ಎಂದು ಕರೆಯುವ ಸಂದರ್ಭವನ್ನು ನೆನೆದುಕೊಳ್ಳಿ. ಅಲ್ಲಿ ಕರ್ಣನು ಕೊಡುವ ಉತ್ತರದಲ್ಲಿ ಭಾನುಮತಿಯೊಡನೆ ನೆತ್ತವಾಡಿದ ಸಂಗತಿ ಬರುತ್ತದೆ. ಹಾರ ಹರಿದು ಮುತ್ತು ಚೆಲ್ಲಿಹೋದಾಗ ಒಳಗೆ ಬಂದ ದುರ್ಯೋಧನನು ಸಂಶಯದ ಒಂದು ಸೊಲ್ಲನ್ನೂ ಎತ್ತದೆ, ಈ ಮುತ್ತುಗಳನ್ನು ಆಯ್ದುಕೊಡಲೇ ಎಂದು ಕೇಳಿದನಂತೆ. ಆ ಪದ್ಯದಲ್ಲಿ ಆಟವಾಡಿದವರು ಯಾರು, ಹಾರ ಹರಿದುದು ಹೇಗೆ ಎಂದು ನಮ್ಮ ವಿದ್ವಾಂಸರು ದೀರ್ಘಕಾಲ ವಾದ ಮಾಡಿದ್ದಾರೆ. ನಮ್ಮ ತರಗತಿಗಳಲ್ಲಿಯೂ ಆ ಪದ್ಯ ಬಂದ ದಿನ ಗಂಟೆ ಹೊಡೆದದ್ದು ಕೇಳಿಸುವುದಿಲ್ಲ. ವಾದದ ಗದ್ದಲದಲ್ಲಿ ಮುಖ್ಯವಾದುದು ಮರೆಯಾಗಬಾರದು. ಕರ್ಣನು ಲೆಕ್ಕ ಹೇಳುತ್ತಿದ್ದಾನೆ. ಅಂಗರಾಜ್ಯ ಕೊಟ್ಟದ್ದನ್ನಲ್ಲ, ಆನೆ ಕುದುರೆ ಕೊಟ್ಟದ್ದನ್ನಲ್ಲ, ಬಾಗಿ ಮುತ್ತು ಆಯಲು ಸಿದ್ಧನಾದ ಒಡೆಯನ ನಂಬಿಕೆಯನ್ನು ಅವನು ತನ್ನ ಸಾಲದ ಪಟ್ಟಿಯಲ್ಲಿ ಮೊದಲು ಬರೆದುಕೊಂಡಿದ್ದಾನೆ. ಅಂಥ ಒಡೆಯನನ್ನು ಬಿಟ್ಟು ತನ್ನ ರಕ್ತದವರನ್ನು ಸೇರುವುದು ಅವನಿಂದಾಗದು. ರಕ್ತಕ್ಕಿಂತ ಜೋಳ ದೊಡ್ಡದು, ಜೋಳಕ್ಕಿಂತ ನಂಬಿಕೆ ದೊಡ್ಡದು.

ಅರಸನ ಅನ್ನ ಉಂಡವನ ಒಳಗು ಪಂಪನಿಗೆ ಹೊರಗಿನಿಂದ ತಿಳಿದುದಲ್ಲ. ಕವಿಯೂ ಕಲಿಯೂ ಆಗಿದ್ದವನು ಅವನು. ಒಡೆಯನಿಗೆ ಅರ್ಜುನನ ಹೆಸರನ್ನು ಕೊಟ್ಟವನು ತನ್ನ ಅನುಭವವನ್ನು ಕರ್ಣನಿಗೆ ಕೊಟ್ಟನೆಂದು ನನಗೆ ತೋರುತ್ತದೆ. ಆ ಕಾಲದ ದಾರಿಗಳಲ್ಲೆಲ್ಲ ವೀರಗಲ್ಲುಗಳು ನಿಂತಿದ್ದುವೆಂಬುದನ್ನೂ ನೆನೆಯಬೇಕು. ಆತಕೂರಿನ ಕಲ್ಲಿಗೂ ಪಂಪನ ಕಾವ್ಯಕ್ಕೂ ಹತ್ತು ವರ್ಷಗಳ ಅಂತರವೂ ಇಲ್ಲ. ವ್ಯಾಸರ ಕರ್ಣನು ಕನ್ನಡದ ನೆಲಕ್ಕೆ ಬಂದಾಗ ಇಲ್ಲಿ ಅವನಿಗಾಗಿ ಒಂದು ಕಲ್ಲು ಆಗಲೇ ಕಾದಿತ್ತು.

ರನ್ನನಲ್ಲಿಯೂ ಇದೇ ಕತೆ. ಗದಾಯುದ್ಧದ ನಾಯಕ ಭೀಮ. ಭೀಮನೆಂದರೆ ತೈಲಪನ ಮಗ ಸತ್ಯಾಶ್ರಯ. ಆದರೆ ಕಾವ್ಯದ ಎದೆ ಬಡಿಯುವುದು ರಣಭೂಮಿಯಲ್ಲಿ ಒಬ್ಬೊಬ್ಬರ ಹೆಣದ ಮುಂದೆ ನಿಂತು ಮರುಗುವ ದುರ್ಯೋಧನನಲ್ಲಿ. ಗುರು ದ್ರೋಣ, ತಮ್ಮ ದುಶ್ಶಾಸನ, ಮಗ ಲಕ್ಷಣಕುಮಾರ. ಶತ್ರುವಿನ ಮಗನಾದ ಅಭಿಮನ್ಯುವಿನ ಎದುರಿಗೂ ಅವನು ನಿಲ್ಲುತ್ತಾನೆ, ಇಂಥ ಸಾವು ತನಗೂ ಬರಲಿ ಎಂದು ಕೈಮುಗಿಯುತ್ತಾನೆ. ಕರ್ಣನ ಮುಂದೆ ನಿಂತಾಗ, ಅವನ ಹುಟ್ಟು ತನಗೆ ತಿಳಿದೇ ಇತ್ತೆಂದು ಬಾಯಿ ಬಿಡುತ್ತಾನೆ. ಪಂಪನಲ್ಲಿ ಆಳು ತನ್ನ ಋಣವನ್ನು ಎಣಿಸಿದರೆ ರನ್ನನಲ್ಲಿ ಒಡೆಯನು ತನ್ನ ಋಣವನ್ನು ಎಣಿಸುತ್ತಾನೆ. ಇವೆರಡು ಅರ್ಧಗಳನ್ನು ಕೂಡಿಸಿದರೆ ವೀರಗಲ್ಲು ಪೂರ್ತಿಯಾಗುತ್ತದೆ. ಮುಂದೆ ಹದಿನೈದನೆಯ ಶತಮಾನದ ಕುಮಾರವ್ಯಾಸನಿಗೆ ಕಾವ್ಯವೆಲ್ಲ ಕೃಷ್ಣನ ಕತೆ. ಅವನಲ್ಲಿ ಭಕ್ತಿಯೇ ಪ್ರಧಾನ. ಆದರೂ ಸಾಕ್ಷಾತ್ ಕೃಷ್ಣನೇ ಕರೆದಾಗ ಅವನ ಕರ್ಣನು ಒಪ್ಪದೆ, ಕೌರವನ ಋಣವೆಂಬ ಮಾತನ್ನೇ ಬಾಯಿಬಿಟ್ಟು ಆಡಿ, ನಾಳಿನ ರಣಕ್ಕೆ ದೇಹವನ್ನು ಒಪ್ಪಿಸಿಬಿಡುತ್ತಾನೆ. ದೇವರೂ ಆ ಲೆಕ್ಕವನ್ನು ಅಳಿಸಲಾರ.

ಕಾವ್ಯದ ವೀರನಿಗೆ ಒಬ್ಬ ಒಳ್ಳೆಯ ಒಡೆಯನಾದರೂ ಇದ್ದ. ಲೋಕದಲ್ಲಿ ಒಡೆಯರೆಲ್ಲರೂ ಮುತ್ತು ಆಯಲು ಬಾಗುವವರಲ್ಲ. ಒಡೆಯನೇ ತಪ್ಪಿದರೆ ಋಣದ ಗತಿಯೇನು? ಈ ಕಷ್ಟದ ಪ್ರಶ್ನೆಯನ್ನು ಎತ್ತಿದ್ದು ನಮ್ಮ ಹಾಡುಗಾರರು.

ಕುಮಾರರಾಮನ ಕತೆಯನ್ನು ನೋಡಿ. ಕಂಪಿಲರಾಯನ ಮಗನಾದ ಇವನು ಗಂಗಾವತಿಯ ಸಮೀಪದ ಕುಮ್ಮಟದುರ್ಗದ ವೀರ. ದೆಹಲಿಯ ಮಹಮ್ಮದ್ ಬಿನ್ ತುಘಲಕನ ಮೇಲೆ ದಂಗೆಯೆದ್ದು ಓಡಿಬಂದವನೊಬ್ಬನಿಗೆ ಕಂಪಿಲನು ಆಶ್ರಯ ಕೊಟ್ಟನು. ಅದರ ಫಲವಾಗಿ 1327ರ ಸುಮಾರಿಗೆ ದೆಹಲಿಯ ದಂಡು ಬಂದು ಆ ಪುಟ್ಟ ರಾಜ್ಯವನ್ನು ಹಾಳು ಮಾಡಿತು. ಚರಿತ್ರೆಯಲ್ಲಿ ಇದು ಒಂದೆರಡು ಪುಟದ ಸಂಗತಿ. ಜನರ ಬಾಯಲ್ಲಿ ಇದೇ ಒಂದು ಭಾರತವಾಯಿತು. ನಂಜುಂಡ ಮೊದಲಾದ ಕವಿಗಳು ಹದಿನಾರನೆಯ ಶತಮಾನದಿಂದೀಚೆಗೆ ಅದನ್ನು ಸಾಂಗತ್ಯವಾಗಿ ಬರೆದರು. ಚೆಂಡಾಟದ ಚೆಂಡು ಕಿರಿಯ ರಾಣಿ ರತ್ನಾಜಿಯ ಅರಮನೆಗೆ ಬೀಳುತ್ತದೆ. ತರಲು ಹೋದ ರಾಮನನ್ನು ಅವಳು ಬಯಸುತ್ತಾಳೆ. ಪರನಾರೀಸಹೋದರನೆಂದು ಬಿರುದಾಂತ ರಾಮ ತಾಯೆಂದು ಕೈಮುಗಿದು ಹಿಂದಿರುಗುತ್ತಾನೆ. ಅವಳ ದೂರನ್ನು ನಂಬಿದ ತಂದೆ ಮಗನ ತಲೆ ಕಡಿಯಲು ಅಪ್ಪಣೆ ಮಾಡುತ್ತಾನೆ. ಮಂತ್ರಿ ಬೈಚಪ್ಪನು ರಾಮನನ್ನು ನೆಲಮಾಳಿಗೆಯಲ್ಲಿ ಅಡಗಿಸಿ ಬೇರೊಂದು ತಲೆಯನ್ನು ತೋರಿಸುತ್ತಾನೆ. ಅಷ್ಟರಲ್ಲಿ ದೆಹಲಿಯ ದಂಡು ಕೋಟೆಗೆ ಮುತ್ತುತ್ತದೆ. ಈಗ ರಾಮನು ಏನು ಮಾಡಬೇಕು? ಕೊಲ್ಲಿಸಹೊರಟ ತಂದೆಗೆ ಅವನು ಯಾವ ಋಣಿ? ಹಾಡಿನ ರಾಮ ಈ ತರ್ಕಕ್ಕೆ ಕೂರುವುದಿಲ್ಲ. ಕತ್ತಲೆಯಿಂದ ಎದ್ದು ಬಂದು, ಕೋಟೆಗಾಗಿ ಕಾದಿ, ಕೊನೆಗೆ ಮಡಿಯುತ್ತಾನೆ. ರಾಜ್ಯ ಉಳಿಯಲಿಲ್ಲ. ಆದರೆ ಕುಮ್ಮಟದ ಸುತ್ತಣ ಜನಕ್ಕೆ ಅವನು ದೇವರಾದನು.

ತುಳುನಾಡಿನ ಪಾಡ್ದನಗಳ ಕೋಟಿ ಚೆನ್ನಯರು ಇನ್ನೊಂದು ಉತ್ತರ ಕೊಡುತ್ತಾರೆ. ಪಡುಮಲೆಯ ಬಲ್ಲಾಳನ ಜೀವವನ್ನು ಔಷಧಿ ಕೊಟ್ಟು ಉಳಿಸಿದವಳು ಇವರ ತಾಯಿ ದೇಯಿ ಬೈದೆತಿ. ಇಲ್ಲಿ ಋಣ ಹೊತ್ತವನು ಒಡೆಯ. ಆ ಋಣ ಸಲ್ಲದೆ, ಕೊಟ್ಟ ಮಾತು ನಡೆಯದೆ ಹೋದಾಗ ಅವಳಿಮಕ್ಕಳು ಕೈಕಟ್ಟಿ ನಿಲ್ಲಲಿಲ್ಲ. ಅನ್ಯಾಯ ಮಾಡಿದ ಬುದ್ಯಂತನನ್ನು ಕೊಂದು, ಬಲ್ಲಾಳನ ಸೀಮೆಯನ್ನೇ ತೊರೆದು ಹೊರಟರು. ತಮ್ಮನ್ನು ಆದರಿಸಿದ ಎಣ್ಮೂರಿನ ಬಲ್ಲಾಳನಿಗಾಗಿ ಕಾದಿ ಅಲ್ಲಿ ಮಡಿದರು. ಕರ್ಣನಂತೆ ಇವರೂ ಆಶ್ರಯ ಕೊಟ್ಟವನಿಗಾಗಿ ಸತ್ತವರು. ಆದರೆ ಮಾತಿಗೆ ತಪ್ಪಿದ ಒಡೆಯನ ಮುಂದೆ ತಲೆ ಬಾಗಿಸದೆ ಎದ್ದುಹೋದವರು. ಅವರ ಗರಡಿಗಳಲ್ಲಿ ಇಂದಿಗೂ ನೇಮ ನಡೆಯುತ್ತದೆ. ಮಾತಿಗೆ ತಪ್ಪಿದ ಬಲ್ಲಾಳನಿಗೆ ಯಾರೂ ಗುಡಿ ಕಟ್ಟಲಿಲ್ಲ.

ಈ ಹಳೆಯ ಜೋಳವಾಳಿ ನಮ್ಮ ಕಾಲದ ಹೊಸ್ತಿಲವರೆಗೂ ಬಂದುದಕ್ಕೆ ಸಂಗೊಳ್ಳಿ ರಾಯಣ್ಣನೇ ಸಾಕ್ಷಿ. ಅವನು ಕಿತ್ತೂರಿನ ಶೇತಸನದಿ. ಅಂದರೆ ಸೇವೆಗಾಗಿ ಭೂಮಿ ಉಂಬಳಿ ಪಡೆದ ಬಂಟ. ಶಾಸನಗಳ ಕಾಲದ ಕೊಡಗೆಯ ಹೊಲವೇ ಹೆಸರು ಬದಲಿಸಿಕೊಂಡು ಅವನವರೆಗೆ ಬಂದಿತ್ತು. 1824ರ ಅಕ್ಟೋಬರಿನಲ್ಲಿ ಕಿತ್ತೂರು ಗೆದ್ದಿತು, ಥ್ಯಾಕರೆ ಬಿದ್ದನು. ಡಿಸೆಂಬರಿನಲ್ಲಿ ಕಿತ್ತೂರೇ ಬಿದ್ದಿತು. ಬೈಲಹೊಂಗಲದ ಸೆರೆಯಲ್ಲಿ 1829ರಲ್ಲಿ ರಾಣಿ ಚೆನ್ನಮ್ಮ ತೀರಿಕೊಂಡಳು. ರಾಯಣ್ಣನು ಉಂಡ ಜೋಳದ ಮನೆಯೇ ಉಳಿದಿರಲಿಲ್ಲ. ಆದರೂ ದತ್ತಕ ಮಗ ಶಿವಲಿಂಗಪ್ಪನ ಹೆಸರಿನಲ್ಲಿ ಅವನು ಜನ ಕೂಡಿಸಿದನು, ಕಂಪನಿಯ ಕಚೇರಿಗಳಿಗೆ ಬೆಂಕಿಯಿಟ್ಟನು. ಕೊನೆಗೆ ನಮ್ಮವರ ಮೋಸದಿಂದಲೇ ಸೆರೆಯಾಗಿ 1831ರ ಜನವರಿ 26ರಂದು ನಂದಗಡದಲ್ಲಿ ಗಲ್ಲಿಗೇರಿದನು. ತೀರಿಸಿಕೊಳ್ಳುವವರೇ ಇಲ್ಲದ ಋಣವನ್ನು ಅವನು ತೀರಿಸಿದನು.

ಇಲ್ಲಿ ಇನ್ನೊಂದು ಸ್ವಾರಸ್ಯವುಂಟು. ರಾಯಣ್ಣನ ಲಾವಣಿಯನ್ನು, 1857ರಲ್ಲಿ ಆಯುಧ ಒಪ್ಪಿಸಲೊಲ್ಲದೆ ಮಡಿದ ಹಲಗಲಿಯ ಬೇಡರ ಲಾವಣಿಯನ್ನು 1880ರ ದಶಕದಲ್ಲಿ ಸಂಗ್ರಹಿಸಿ ಅಚ್ಚು ಹಾಕಿಸಿದವನು ಜಾನ್ ಫೇತ್‌ಫುಲ್ ಫ್ಲೀಟ್, ನಮ್ಮ ಶಾಸನಗಳನ್ನು ಓದಿದ ಅದೇ ಆಂಗ್ಲ ಅಧಿಕಾರಿ. ಗಲ್ಲಿಗೇರಿಸಿದ ಸರಕಾರದ ನೌಕರನೇ ಗಲ್ಲಿಗೇರಿದವನ ಹಾಡನ್ನು ಬರೆದುಕೊಂಡನು. ಗೆದ್ದವರ ದಫ್ತರದಲ್ಲಿ ರಾಯಣ್ಣ ದಂಗೆಕೋರ. ಗೆದ್ದವರು ಬರೆದುಕೊಂಡ ಹಾಡಿನಲ್ಲಿಯೂ ಅವನು ವೀರನೇ.

ಇಷ್ಟು ಹೊತ್ತು ಗಂಡಸರ ಲೆಕ್ಕವಾಯಿತು. ಹೆಣ್ಣಿನ ಲೆಕ್ಕವನ್ನು ಕಲ್ಲು ಹೇಗೆ ಬರೆದಿದೆ? ಕಂಬದಿಂದ ಹೊರಟ ಒಂದು ತೋಳು, ಅದರಲ್ಲಿ ಬಳೆ: ಅದು ಮಾಸ್ತಿಕಲ್ಲು. ಅವಳ ಶೌರ್ಯವೆಂದರೆ ಗಂಡನ ಹಿಂದೆ ಬೆಂಕಿಗೆ ಬೀಳುವುದು. ಹಲವೆಡೆ ಅವಳ ಹೆಸರನ್ನು ಕೂಡ ಕೊರೆಯಲಿಲ್ಲ. ಕಲ್ಲು ಹೇಳದೆ ಬಿಟ್ಟುದನ್ನು ಹೇಳಿದವರು ಬೀಸುವ ಕಲ್ಲಿನ ಮುಂದೆ ಕುಳಿತ ಹೆಂಗಸರು. ಕೆರೆಗೆ ಹಾರದ ಕತೆ ತಿಳಿಯದವರಿಲ್ಲ. ಕಲ್ಲನಕೇರಿಯ ಮಲ್ಲನಗೌಡ ಕೆರೆ ಕಟ್ಟಿಸಿದ. ಹನಿ ನೀರು ಬರಲಿಲ್ಲ. ಹೊತ್ತಗೆ ತೆಗೆಸಿ ನೋಡಿದಾಗ ಸೊಸೆಯೊಬ್ಬಳನ್ನು ಹಾರ ಕೊಡಬೇಕೆಂದಾಯಿತು; ಕಿರಿಯ ಸೊಸೆ ಭಾಗೀರಥಿಯನ್ನು ಆರಿಸಿದರು. ಅವಳನ್ನು ಯಾರೂ ಕೇಳಲಿಲ್ಲ. ಅವಳಿಗೆ ತಿಳಿದಿತ್ತು, ತವರಿಗೆ ಹೋಗಿ ಬಂದಳು, ಬಾಯಿಬಿಟ್ಟು ಬೇಡವೆನ್ನಲಿಲ್ಲ. ಒಂದೊಂದೇ ಮೆಟ್ಟಿಲಿಗೆ ನೀರು ಏರಿತು. ದಂಡಿನಿಂದ ಬಂದ ಗಂಡ ಮಾದೇವರಾಯ ಸುದ್ದಿ ತಿಳಿದು ತಾನೂ ಆ ಕೆರೆಗೇ ಹಾರಿದನು.

ಈ ಹಾಡನ್ನು ತ್ಯಾಗದ ಹಾಡೆಂದು ಪಾಠ ಹೇಳುವುದು ವಾಡಿಕೆ. ಆದರೆ ವೀರಗಲ್ಲಿನ ಪಕ್ಕದಲ್ಲಿಟ್ಟು ಓದಿದರೆ ಅದರ ಧ್ವನಿ ಬೇರೆ. ಭಾಗೀರಥಿ ಊರಿಗೆ ಯಾವ ಜೋಳದ ಬಾಕಿಯಿದ್ದಳು? ಕೆರೆ ಕಟ್ಟಿಸಿದವನು ಗೌಡ, ಹೆಸರು ಗೌಡನದು, ಕೊಟ್ಟ ತಲೆ ಮಾತ್ರ ಸೊಸೆಯದು. ಹಾಡು ಗೌಡನನ್ನು ಎಲ್ಲಿಯೂ ಬಯ್ಯುವುದಿಲ್ಲ. ಆದರೆ ಯುದ್ಧ ಬಲ್ಲ ಗಂಡಸನ್ನೇ ಕೊನೆಯಲ್ಲಿ ಅವಳ ಹಿಂದೆ ಹಾರಿಸಿಬಿಡುತ್ತದೆ. ಮಾಸ್ತಿಕಲ್ಲಿನ ಲೆಕ್ಕವನ್ನು ಹೆಂಗಸರ ಹಾಡು ತಿರುವಿ ಹಾಕಿದೆ. ಇಲ್ಲಿ ಮುಂದೆ ಹೋದವಳು ಅವಳು, ಹಿಂದೆ ಬಂದವನು ಅವನು. ಇದಕ್ಕಿಂತ ಮೆಲುದನಿಯ, ಇದಕ್ಕಿಂತ ಕಠಿಣವಾದ ತೀರ್ಪು ನಮ್ಮ ಸಾಹಿತ್ಯದಲ್ಲಿ ವಿರಳ.

ಗೋವಿನ ಹಾಡಿನ ಪುಣ್ಯಕೋಟಿಯನ್ನೂ ಈ ಸಾಲಿಗೆ ಸೇರಿಸಲೇಬೇಕು. ಕತ್ತಿಯಿಲ್ಲ, ಬಿರುದಿಲ್ಲ, ಕರುವಿಗೆ ಹಾಲೂಡಿ ಬರುವೆನೆಂದು ಹುಲಿಗೆ ಕೊಟ್ಟ ಒಂದು ಮಾತು ಮಾತ್ರ. ಮಕ್ಕಳಿಗೆ ಮೊದಲು ಕಲಿಸುವ ಕತೆಯಲ್ಲಿಯೇ ನಾವು ವೀರನ ಲಕ್ಷಣವನ್ನು ಹೇಳಿಬಿಟ್ಟಿದ್ದೇವೆ: ಹಿಂದಿರುಗಿ ಹೋದರೆ ಸಾವೆಂದು ತಿಳಿದೂ ಹಿಂದಿರುಗಿ ಹೋಗುವುದು. ಇಲ್ಲಿ ಗೆಲವು ಸೋಲಿನ ಮಾತೇ ಏಳುವುದಿಲ್ಲ. ಎದುರು ನಿಂತವನು ಹುಲಿಯಾದರೂ ಮಾತು ಮಾತೇ.

ಹೀಗೆ ಸಾವಿರದ ಐನೂರು ವರ್ಷಗಳ ಕಾಲ ನಮ್ಮ ಜನ ವೀರನನ್ನು ಅಳೆದುದು ಅವನು ಪಡೆದುದರಿಂದಲ್ಲ, ಹಿಂದಿರುಗಿಸಿದುದರಿಂದ. ಇದು ಹೆಮ್ಮೆಯ ಮಾತು ನಿಜ. ಹೆಮ್ಮೆಯೊಂದಿಗೆ ಎಚ್ಚರವೂ ಬೇಕು. ಜೀವ ಕೊಡುವುದನ್ನೇ ಹೊಗಳುತ್ತ ಹೋದರೆ, ಜೀವ ತೆಗೆದುಕೊಳ್ಳುವವರಿಗೆ ಅದಕ್ಕಿಂತ ಅನುಕೂಲ ಬೇರಿಲ್ಲ. ಹಳೇಬೀಡಿನ ಕಂಬವೂ ಕಲ್ಲನಕೇರಿಯ ಕೆರೆಯೂ ಆ ಎಚ್ಚರವನ್ನು ಹೇಳುತ್ತವೆ. ಹಳಬರು ಇದನ್ನು ಅರಿಯದವರಲ್ಲ. ಆದುದರಿಂದಲೇ ಕಲ್ಲಿನ ಮೇಲೆ ವೀರನ ಶೌರ್ಯವನ್ನು ಕೊರೆದು ಅಷ್ಟಕ್ಕೇ ನಿಲ್ಲಿಸದೆ, ಅವನ ಮನೆಯವರಿಗೆ ಬಿಟ್ಟ ಹೊಲವನ್ನೂ ಕೊರೆಸಿದರು, ತಪ್ಪಿದವನಿಗೆ ಶಾಪವನ್ನೂ ಬರೆಸಿದರು. ಆಳಿನ ಋಣವೊಂದನ್ನೇ ನೆನೆದು ಒಡೆಯನ ಋಣವನ್ನು ಮರೆತರೆ ಅದು ಜೋಳವಾಳಿಯಲ್ಲ, ಬಿಟ್ಟಿ.

ಇಂದು ನಮಗೆ ಒಡೆಯರಿಲ್ಲ, ಉಂಬಳಿಯಿಲ್ಲ. ಜೋಳ ಮಾತ್ರ ಇದೆ. ಅದನ್ನು ಬೆಳೆದವರಿದ್ದಾರೆ, ಗಡಿಯಲ್ಲಿ ನಿಂತವರಿದ್ದಾರೆ, ಊರ ಕೊಳೆಯನ್ನು ತೊಳೆಯಲಿಳಿದು ಮೇಲೆ ಬಾರದವರಿದ್ದಾರೆ. ಅವರು ತೀರಿಸಿದುದಕ್ಕೆ ಎದುರಾಗಿ ನಮ್ಮ ಕಡೆಯ ಬರಹವೇನು ಎಂದು ಕೇಳುವ ಹಕ್ಕು ಪ್ರತಿಯೊಂದು ವೀರಗಲ್ಲಿಗೂ ಇದೆ. ಎಷ್ಟೋ ಊರುಗಳಲ್ಲಿ ಅವು ಬಟ್ಟೆ ಒಗೆಯುವ ಹಾಸುಗಲ್ಲಾಗಿವೆ, ಮೋರಿಗೆ ಮುಚ್ಚಳವಾಗಿವೆ, ಗೋಡೆಯಲ್ಲಿ ಸೇರಿಹೋಗಿವೆ. ಅವನ್ನು ಎತ್ತಿ ನಿಲ್ಲಿಸುವುದು ದೊಡ್ಡ ಕೆಲಸವೇನಲ್ಲ. ನಾಲ್ಕು ಜನ, ಒಂದು ಹಾರೆ, ಅರ್ಧ ದಿನ ಸಾಕು. ನಿಲ್ಲಿಸಿದ ಮೇಲೆ ಮಣ್ಣು ಒರೆಸಿ, ಅಕ್ಷರವಿದ್ದರೆ ಬಲ್ಲವರಿಂದ ಓದಿಸಿ, ಆ ಹೆಸರನ್ನು ಶಾಲೆಯ ಮಕ್ಕಳಿಗೆ ಒಮ್ಮೆ ಹೇಳಿಕೊಟ್ಟರೆ, ಆ ಊರು ತನ್ನ ಹಳೆಯ ಬಾಕಿಯಲ್ಲಿ ಒಂದು ಕಾಳನ್ನಾದರೂ ಸಲ್ಲಿಸಿದಂತಾಗುತ್ತದೆ.